ಕೊಂಡ ಆಟ ಯಾರ ಯಾರದು?

ಕೇಳುಗರೆಲ್ಲರಿಗೂ ನಮಸ್ಕಾರ. ವಿಡಿಯೊ ಗೇಮುಗಳಿಂದ ಮಕ್ಕಳ ಓದು ಕೆಡುತ್ತದೆ, ಕಣ್ಣು ಹಾಳಾಗುತ್ತದೆ ಎಂಬ ಮಾತುಗಳನ್ನು ನೀವು ಬೇಕಾದಷ್ಟು ಕೇಳಿದ್ದೀರಿ. ಇಂದು ನಾನು ಆ ಕಡೆ ಹೋಗುವುದಿಲ್ಲ. ದುಡ್ಡು ಕೊಟ್ಟು ಕೊಂಡ ಆಟವೊಂದನ್ನು ಮನೆಯ ಇನ್ನೊಬ್ಬರಿಗೆ, ಪಕ್ಕದ ಬೀದಿಯ ಗೆಳೆಯನಿಗೆ, ಬೇರೆ ಊರಿನಲ್ಲಿರುವ ಚಿಕ್ಕಪ್ಪನ ಮಗನಿಗೆ ಆಡಲು ಕೊಡಬಹುದೇ, ಕೊಡಬಹುದಾದರೆ ಹೇಗೆ, ಕೊಟ್ಟ ಮೇಲೆ ಏನೇನಾಗುತ್ತದೆ ಎಂಬ ಪ್ರಶ್ನೆಯ ಸುತ್ತ ಮಾತ್ರ ಈ ಮಾತು.

ತೊಂಬತ್ತರ ದಶಕದಲ್ಲಿ ಈ ಪ್ರಶ್ನೆಯೇ ಇರಲಿಲ್ಲ. ನಮ್ಮ ಕಡೆ ಟಿವಿ ಗೇಮ್ ಎಂದು ಕರೆಯುತ್ತಿದ್ದ ಯಂತ್ರದ ನೆತ್ತಿಗೆ ಒತ್ತಿ ಕೂರಿಸುವ ಪ್ಲಾಸ್ಟಿಕ್ ಪೆಟ್ಟಿಗೆಯನ್ನು ಎಲ್ಲರೂ ಕ್ಯಾಸೆಟ್ ಎನ್ನುತ್ತಿದ್ದರು. ಬೇಸಿಗೆ ರಜೆಯಲ್ಲಿ ಆ ಕ್ಯಾಸೆಟ್ ಮನೆಯಿಂದ ಮನೆಗೆ ಹೋಗುತ್ತಿತ್ತು, ಕೆಲವೊಮ್ಮೆ ಮರಳಿ ಬರುತ್ತಲೂ ಇತ್ತು. ಅದು ಯಾರ ಕೈಯಲ್ಲಿದೆಯೋ ಅವರು ಆಡುತ್ತಿದ್ದರು. ತಯಾರಿಸಿದ ಕಂಪನಿಗೆ ಅದು ಎಲ್ಲಿದೆ ಎಂದು ತಿಳಿಯುವ ದಾರಿಯೇ ಇರಲಿಲ್ಲ. ಆಮೇಲೆ ಬಂದ ಡಿಸ್ಕಿಗೂ ಇದೇ ನ್ಯಾಯ ಅನ್ವಯಿಸುತ್ತಿತ್ತು. ಆಟವು ವಸ್ತುವಿನ ರೂಪ ಬಿಟ್ಟು ಡೌನ್‌ಲೋಡ್ ಆಗಿ, ನಮ್ಮ ಹೆಸರಿನ ಅಕೌಂಟಿಗೆ ಅಂಟಿಕೊಂಡಾಗ ಎರವಲು ಕೊಡುವುದಕ್ಕೂ ಕಂಪನಿಯ ಒಪ್ಪಿಗೆ ಬೇಕಾಯಿತು.

ಈ ಬದಲಾವಣೆ ಜಗಳದ ರೂಪದಲ್ಲಿ ಎಲ್ಲರ ಕಣ್ಣಿಗೆ ಬಿದ್ದದ್ದು 2013ರಲ್ಲಿ. ಆ ವರ್ಷ ಮೈಕ್ರೋಸಾಫ್ಟ್ ತನ್ನ ಹೊಸ ಯಂತ್ರವಾದ ಎಕ್ಸ್‌ಬಾಕ್ಸ್ ಒನ್ ಅನ್ನು ಪ್ರಕಟಿಸಿ, ಯಂತ್ರವು 24 ಗಂಟೆಗೊಮ್ಮೆಯಾದರೂ ಇಂಟರ್ನೆಟ್ ಮೂಲಕ ಹಾಜರಿ ಹಾಕಬೇಕು, ಡಿಸ್ಕಿನಲ್ಲಿ ಕೊಂಡ ಆಟವನ್ನು ಗೆಳೆಯನಿಗೆ ದಾಟಿಸಬೇಕಾದರೆ ಆತ ಕನಿಷ್ಠ 30 ದಿನಗಳಿಂದ ನಿಮ್ಮ ಗೆಳೆಯರ ಪಟ್ಟಿಯಲ್ಲಿರಬೇಕು, ಅದೂ ಒಂದೇ ಒಂದು ಬಾರಿ, ಎಂಬ ಷರತ್ತುಗಳನ್ನು ಮುಂದಿಟ್ಟಿತು. ಅದೇ ಜೂನ್ ತಿಂಗಳಲ್ಲಿ ಲಾಸ್ ಏಂಜಲೀಸ್‌ನ ಇ3 ಎಂಬ ವಿಡಿಯೊ ಗೇಮುಗಳ ಮೇಳದ ಹೊತ್ತಿಗೆ, ಪ್ಲೇಸ್ಟೇಷನ್ ಯಂತ್ರ ತಯಾರಿಸುವ ಪ್ರತಿಸ್ಪರ್ಧಿ ಸೋನಿ ಅರ್ಧ ನಿಮಿಷವೂ ಇಲ್ಲದ ವಿಡಿಯೊವೊಂದನ್ನು ಬಿಟ್ಟಿತು. ನಮ್ಮ ಯಂತ್ರದಲ್ಲಿ ಆಟವನ್ನು ಹಂಚಿಕೊಳ್ಳುವುದು ಹೇಗೆ ಎಂಬ ಗಂಭೀರ ಶೀರ್ಷಿಕೆ, ಆಮೇಲೆ ಒಬ್ಬಾತ ಆಟದ ಡಬ್ಬಿಯನ್ನು ಪಕ್ಕದಲ್ಲಿದ್ದವನ ಕೈಗೆ ಕೊಡುತ್ತಾನೆ, ಅಷ್ಟೇ. ನಗೆಪಾಟಲಾದ ಮೈಕ್ರೋಸಾಫ್ಟ್ ಜೂನ್ 19ರಂದು ಷರತ್ತುಗಳನ್ನು ಹಿಂದಕ್ಕೆ ಪಡೆಯಿತು.

ಆದರೆ ಆ ಗದ್ದಲದಲ್ಲಿ ಇನ್ನೊಂದು ಸಂಗತಿ ಮುಳುಗಿಹೋಯಿತು. ಅದೇ ಯೋಜನೆಯಲ್ಲಿ, ಒಬ್ಬರು ಕೊಂಡ ಆಟಗಳನ್ನು ಕುಟುಂಬದ ಹತ್ತು ಜನರವರೆಗೆ ಎಲ್ಲಿಂದ ಬೇಕಾದರೂ ಆಡಬಹುದೆಂಬ ಭರವಸೆಯೂ ಇತ್ತು. ಷರತ್ತುಗಳ ಜೊತೆಗೆ ಅದನ್ನೂ ಕೈಬಿಡಲಾಯಿತು. ಆಟಗಾರರು ಡಿಸ್ಕನ್ನು ಉಳಿಸಿಕೊಂಡ ಸಂತೋಷದಲ್ಲಿದ್ದರು, ಏಳು ವರ್ಷಗಳ ಬಳಿಕ, 2020ರಲ್ಲಿ, ಇವೇ ಎರಡು ಕಂಪನಿಗಳು ಡಿಸ್ಕ್ ಹಾಕುವ ಕಿಂಡಿಯೇ ಇಲ್ಲದ ಯಂತ್ರಗಳನ್ನೂ ಮಾರಾಟಕ್ಕಿಟ್ಟವು. ಅಂದು ಗೆದ್ದದ್ದು ಏನು, ಸೋತದ್ದು ಏನು ಎಂಬುದರ ಬಗ್ಗೆ ನನಗೆ ಈಗಲೂ ಸಂಶಯವಿದೆ.

ಅಂಗಡಿಯ ಪುಟದಲ್ಲಿ 'ಖರೀದಿಸಿ' ಎಂದು ಬರೆದಿದ್ದರೂ ನಮಗೆ ಸಿಗುವುದು ಆಟವಲ್ಲ, ಆಡುವ ಪರವಾನಗಿ. ಇದನ್ನು ಗ್ರಾಹಕರಿಗೆ ಬಾಯಿಬಿಟ್ಟು ಹೇಳಬೇಕೆಂದು ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯ ಕಾನೂನನ್ನೇ ಮಾಡಿ 2025ರ ಜನವರಿ 1ರಿಂದ ಜಾರಿಗೆ ತಂದಿತು. ಅದಕ್ಕೆ ಮೊದಲೇ, 2019ರಲ್ಲಿ, ಪ್ಯಾರಿಸ್ಸಿನ ನ್ಯಾಯಾಲಯವೊಂದು ಡೌನ್‌ಲೋಡ್ ಮಾಡಿಕೊಂಡ ಆಟವನ್ನೂ ಮರುಮಾರಾಟ ಮಾಡುವ ಹಕ್ಕು ಕೊಂಡವರಿಗಿದೆ ಎಂದು ತೀರ್ಪು ಕೊಟ್ಟಿತ್ತು. 2022ರಲ್ಲಿ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ತಳ್ಳಿಹಾಕಿತು. ಹೀಗಾಗಿ ಹಂಚಿಕೊಳ್ಳುವ ವಿಚಾರದಲ್ಲಿ ನಾವು ಕೇಳಬೇಕಾದದ್ದು ಕಂಪನಿ ಎಷ್ಟು ಬಿಟ್ಟುಕೊಟ್ಟಿದೆ ಎಂಬುದನ್ನೇ. ಅದು ಒಂದೊಂದು ಕಡೆ ಒಂದೊಂದು ಬಗೆ.

ಕಂಪ್ಯೂಟರಿನಲ್ಲಿ ಆಡುವವರಿಗೆ ಚಿರಪರಿಚಿತವಾದ, ಆಟಗಳನ್ನು ಇಂಟರ್ನೆಟ್ಟಿನಲ್ಲಿ ಮಾರುವ ಅಂಗಡಿಯಾದ ಸ್ಟೀಮ್ ಅನ್ನು ಮೊದಲು ತೆಗೆದುಕೊಳ್ಳೋಣ. ಇದನ್ನು ನಡೆಸುವ ವಾಲ್ವ್ ಕಂಪನಿ 2014ರಲ್ಲಿ ಆಟಗಳ ಸಂಗ್ರಹವನ್ನು ಹಂಚಿಕೊಳ್ಳುವ ಸೌಲಭ್ಯವನ್ನು ಎಲ್ಲರಿಗೂ ಕೊಟ್ಟಿತಾದರೂ ಅದರಲ್ಲೊಂದು ವಿಚಿತ್ರವಿತ್ತು. ಅಣ್ಣನ ಸಂಗ್ರಹದಲ್ಲಿ ನೂರು ಆಟಗಳಿದ್ದು, ಅವನು ಅವುಗಳಲ್ಲಿ ಯಾವುದೋ ಒಂದನ್ನು ಆಡಲು ಕುಳಿತರೆ ಉಳಿದ ತೊಂಬತ್ತೊಂಬತ್ತರಲ್ಲಿ ಒಂದನ್ನೂ ತಂಗಿ ಆಡುವಂತಿರಲಿಲ್ಲ. ಮನೆಯಲ್ಲಿ ಒಬ್ಬರು ಒಂದು ಪುಸ್ತಕ ಓದುತ್ತಿದ್ದಾರೆಂದು ಇಡೀ ಕಪಾಟಿಗೆ ಬೀಗ ಜಡಿದ ಹಾಗೆ. ಈ ವ್ಯವಸ್ಥೆ ಸುಮಾರು ಹತ್ತು ವರ್ಷ ನಡೆದು, 2024ರ ಸೆಪ್ಟೆಂಬರಿನಲ್ಲಿ 'ಸ್ಟೀಮ್ ಫ್ಯಾಮಿಲೀಸ್' ಎಂಬ ಹೊಸ ವ್ಯವಸ್ಥೆ ಪೂರ್ಣ ರೂಪದಲ್ಲಿ ಬಂದಿತು. ಈಗ ಒಂದು ಕುಟುಂಬದಲ್ಲಿ ಆರು ಜನರವರೆಗೆ ಇರಬಹುದು, ಎಲ್ಲರ ಆಟಗಳೂ ಒಂದೇ ರಾಶಿಯಾಗುತ್ತವೆ, ಅಣ್ಣ ಒಂದು ಆಟದಲ್ಲಿರುವಾಗಲೇ ತಂಗಿ ಅವನದೇ ಇನ್ನೊಂದು ಆಟವನ್ನು ಆಡಬಹುದು. ಇಬ್ಬರೂ ಒಂದೇ ಆಟವನ್ನು ಒಂದೇ ಹೊತ್ತಿಗೆ ಆಡಬೇಕೆಂದರೆ ಮಾತ್ರ ಎರಡು ಪ್ರತಿ ಬೇಕು. ಯಾರು ಎಲ್ಲಿಯವರೆಗೆ ಆಡಿದ್ದಾರೆಂಬ ಲೆಕ್ಕ ಅವರವರ ಹೆಸರಿನಲ್ಲಿ ಬೇರೆ ಬೇರೆಯಾಗಿಯೇ ಉಳಿಯುವುದರಿಂದ ತಂಗಿ ಆಡಿದ್ದಕ್ಕೆ ಅಣ್ಣನ ಆಟ ಕೆಡುವುದಿಲ್ಲ. ಮಕ್ಕಳ ಅಕೌಂಟಿಗೆ ಆಟದ ಸಮಯವನ್ನು ನಿಗದಿಪಡಿಸುವ ಅಧಿಕಾರವೂ ದೊಡ್ಡವರಿಗಿದೆ.

ಎಲ್ಲ ಆಟಗಳೂ ಈ ರಾಶಿಗೆ ಸೇರುವುದಿಲ್ಲ. ಹಂಚಿಕೆ ಬೇಡವೆಂದು ತಯಾರಕರು ಹೇಳಬಹುದು, ಬೇರೆ ಕಂಪನಿಯ ಅಕೌಂಟ್ ಕೇಳುವ ಆಟಗಳು ಸಾಮಾನ್ಯವಾಗಿ ಹೊರಗೇ ಉಳಿಯುತ್ತವೆ. ಇದಕ್ಕಿಂತ ಮುಖ್ಯವಾದ ಎರಡು ನಿಯಮಗಳನ್ನು ಮಾತ್ರ ತಂದೆ ತಾಯಂದಿರು ತಿಳಿದಿರಲೇಬೇಕು. ಮೊದಲನೆಯದು, ಈ ಕುಟುಂಬಕ್ಕೆ ಸೇರುವುದು ಸುಲಭ, ಬದಲಾಯಿಸುವುದು ಕಷ್ಟ. ದೊಡ್ಡವರು ಯಾವಾಗ ಬೇಕಾದರೂ ಹೊರಬರಬಹುದು, ಆದರೆ ಸೇರಿದ ದಿನದಿಂದ ಒಂದು ವರ್ಷ ಆಗುವ ತನಕ ಇನ್ನೊಂದು ಕುಟುಂಬವನ್ನು ಸೇರುವಂತಿಲ್ಲ. ಅವರು ಖಾಲಿ ಮಾಡಿದ ಸ್ಥಾನಕ್ಕೂ ಅಂಥದೇ ಒಂದು ವರ್ಷದ ಕಾಯುವಿಕೆ ಇದೆ. ಹಾಸ್ಟೆಲಿನ ಗೆಳೆಯರನ್ನೆಲ್ಲ ಈ ತಿಂಗಳು ಕುಟುಂಬವೆಂದು ಸೇರಿಸಿಕೊಂಡು, ಮುಂದಿನ ತಿಂಗಳು ತಮ್ಮನನ್ನು ಸೇರಿಸಲು ಹೊರಟವರಿಗೆ ಜಾಗ ಸಿಗುವುದಿಲ್ಲ. ಎರಡನೆಯದು, ನಿಮ್ಮ ಪ್ರತಿಯನ್ನು ಆಡುತ್ತ ಕುಟುಂಬದ ಇನ್ನೊಬ್ಬರು ಮೋಸದ ಸಾಫ್ಟ್‌ವೇರ್ ಬಳಸಿ ಸಿಕ್ಕಿಬಿದ್ದು ನಿಷೇಧಕ್ಕೆ ಒಳಗಾದರೆ, ಆ ಆಟದಿಂದ ನೀವೂ ಹೊರಗೆ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆಯುವ ಈ ನಿಯಮವನ್ನು ಕ್ರೂರವೆಂದು ಹಲವರು ಆಕ್ಷೇಪಿಸುತ್ತಾರೆ. ಅದಿಲ್ಲದಿದ್ದರೆ ತಮ್ಮನ ಹೆಸರಿನಲ್ಲಿ ಹೊಸ ಅಕೌಂಟ್ ತೆರೆದು ಮೋಸವಾಡುವವರನ್ನು ತಡೆಯುವುದು ಹೇಗೆ ಎಂಬುದು ಕಂಪನಿಯ ಕಡೆಯ ನ್ಯಾಯ, ಅದರಲ್ಲೂ ಹುರುಳಿದೆ.

ಪ್ಲೇಸ್ಟೇಷನ್ ಮತ್ತು ಎಕ್ಸ್‌ಬಾಕ್ಸ್‌ಗಳ ದಾರಿ ಬೇರೆ. ಅಲ್ಲಿ ಎಣಿಕೆ ಮನುಷ್ಯರದಲ್ಲ, ಯಂತ್ರದ್ದು. ನಿಮ್ಮ ಅಕೌಂಟಿಗೆ ಒಂದು ಯಂತ್ರವನ್ನು ಮನೆಯ ಯಂತ್ರವೆಂದು ಗೊತ್ತುಮಾಡಿದರೆ, ಆ ಯಂತ್ರದಲ್ಲಿ ಲಾಗಿನ್ ಆಗುವ ಎಲ್ಲರೂ ನೀವು ಕೊಂಡ ಆಟಗಳನ್ನು ತಮ್ಮ ತಮ್ಮ ಹೆಸರಿನಲ್ಲೇ ಆಡಬಹುದು; ನೀವಂತೂ ನಿಮ್ಮ ಹೆಸರಿನಿಂದ ಬೇರೆ ಯಂತ್ರದಲ್ಲೂ ಆಡಬಹುದು. ಒಂದೇ ಟಿವಿಯ ಮುಂದೆ ಸರದಿಯಲ್ಲಿ ಕೂರುವ ಮನೆಗೆ ಇದಕ್ಕಿಂತ ಸರಳವಾದ ವ್ಯವಸ್ಥೆ ಇಲ್ಲ. ಆದರೆ ಹುಡುಗರು ಇದರಲ್ಲೊಂದು ಒಳದಾರಿ ಕಂಡುಕೊಂಡಿದ್ದಾರೆ. ಇಬ್ಬರು ಗೆಳೆಯರು ತಮ್ಮ ಅಕೌಂಟುಗಳನ್ನು ಪರಸ್ಪರರ ಯಂತ್ರದಲ್ಲಿ ತೆರೆದು, ನನ್ನ ಮನೆಯ ಯಂತ್ರ ನಿನ್ನದು, ನಿನ್ನ ಮನೆಯ ಯಂತ್ರ ನನ್ನದು ಎಂದು ಅದಲುಬದಲು ಮಾಡಿಕೊಂಡರೆ, ಒಬ್ಬನು ಕೊಂಡ ಆಟ ಇಬ್ಬರಿಗೂ ಆಗುತ್ತದೆ. ಗೇಮ್‌ಶೇರ್ ಎಂದು ಅವರು ಹೇಳುವುದು ಇದನ್ನೇ. ಎಕ್ಸ್‌ಬಾಕ್ಸ್‌ನಲ್ಲಿ ಮನೆಯ ಯಂತ್ರವನ್ನು ವರ್ಷಕ್ಕೆ ಐದು ಬಾರಿ ಮಾತ್ರ ಬದಲಾಯಿಸಬಹುದಾದ್ದರಿಂದ ಇದನ್ನು ಮನಸ್ಸು ಬಂದ ಹಾಗೆ ಮಾಡುತ್ತಾ ಹೋಗಲಾಗದು.

ಇದರಲ್ಲಿರುವ ಅಪಾಯವನ್ನು ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ. ಅಕೌಂಟನ್ನು ಗೆಳೆಯನ ಯಂತ್ರದಲ್ಲಿ ತೆರೆದದ್ದೆಂದರೆ ಅದರೊಳಗೆ ಉಳಿಸಿಟ್ಟ ಕಾರ್ಡಿನ ವಿವರ, ವಾಲೆಟ್ಟಿನಲ್ಲಿರುವ ಹಣ, ಹೊಸ ಆಟ ಕೊಳ್ಳುವ ಗುಂಡಿ ಎಲ್ಲವೂ ಆ ಮನೆಯ ಟಿವಿಯ ಮೇಲೆ ಬಂದು ಕೂತವು. ಗೆಳೆಯ ಒಳ್ಳೆಯವನೇ ಇರಬಹುದು, ಆದರೆ ಅವನ ಆರು ವರ್ಷದ ತಂಗಿಗೆ ಯಾವ ಗುಂಡಿ ಯಾರ ಹಣವನ್ನು ಖರ್ಚುಮಾಡುತ್ತದೆಂದು ತಿಳಿಯದು. ಇನ್ನು ಪಾಸ್‌ವರ್ಡನ್ನು ವಾಟ್ಸಾಪ್‌ನಲ್ಲಿ ಬರೆದು ಕಳಿಸುವುದು, ಒಟಿಪಿ ಬಂದೊಡನೆ ಫೋನಿನಲ್ಲಿ ಓದಿ ಹೇಳುವುದು ಇವೆಲ್ಲ ಬ್ಯಾಂಕಿನ ವಿಚಾರದಲ್ಲಿ ನಾವು ಎಂದಿಗೂ ಮಾಡದ ಕೆಲಸಗಳು. ಮಾಡಲೇಬೇಕೆಂದಿದ್ದರೆ ಕಾರ್ಡಿನ ವಿವರ ತೆಗೆದುಹಾಕಿ, ಪ್ರತಿ ಖರೀದಿಗೂ ಪಾಸ್‌ವರ್ಡ್ ಕೇಳುವ ಹಾಗೆ ಇಟ್ಟು, ಸ್ವತಃ ಹೋಗಿ ಕೈಯಾರೆ ಲಾಗಿನ್ ಮಾಡಿಬರುವುದು ಮೇಲು. ಮುಖ ನೋಡದ, ಆಟದಲ್ಲಷ್ಟೇ ಪರಿಚಯವಾದವರೊಂದಿಗೆ ಇದನ್ನು ಮಾಡಲೇಬಾರದು.

ಸ್ವಿಚ್ ಎಂಬ ಗೇಮ್ ಯಂತ್ರವನ್ನು ತಯಾರಿಸುವ ನಿಂಟೆಂಡೊ ಕಂಪನಿ ಹಿಡಿದ ದಾರಿ ನನಗೆ ಎಲ್ಲಕ್ಕಿಂತ ಕುತೂಹಲಕರವಾಗಿ ಕಾಣುತ್ತದೆ, ಏಕೆಂದರೆ ಅದು ಹಳೆಯ ಕ್ಯಾಸೆಟ್ಟನ್ನೇ ಪರದೆಯ ಮೇಲೆ ಮತ್ತೆ ಹುಟ್ಟಿಸಿದೆ. 2025ರ ಏಪ್ರಿಲ್ ಕೊನೆಯಿಂದ, ಸ್ವಿಚ್ ಯಂತ್ರದಲ್ಲಿ ಡೌನ್‌ಲೋಡ್ ಮಾಡಿದ ಆಟಗಳು ಚಿಕ್ಕ ಕಾರ್ಡಿನ ಚಿತ್ರಗಳಾಗಿ ಕಾಣುತ್ತವೆ. ಅಕ್ಕ ತನ್ನ ಕಾರ್ಡನ್ನು ತಮ್ಮನಿಗೆ ಎರವಲು ಕೊಡಬೇಕಾದರೆ ಇಬ್ಬರ ಯಂತ್ರಗಳೂ ಅಕ್ಕಪಕ್ಕದಲ್ಲಿರಬೇಕು. ಕೊಟ್ಟೊಡನೆ ಅವಳ ಯಂತ್ರದಲ್ಲಿ ಆ ಆಟ ತೆರೆಯುವುದಿಲ್ಲ, ತಮ್ಮನದರಲ್ಲಿ ತೆರೆಯುತ್ತದೆ. 14 ದಿನ ಕಳೆದ ಮೇಲೆ ಯಾರೂ ಕೇಳದೆಯೇ ಕಾರ್ಡು ತಾನಾಗಿ ಅಕ್ಕನ ಬಳಿ ಮರಳುತ್ತದೆ. ಎರವಲು ಕೊಟ್ಟದ್ದು ಹಿಂದಿರುಗಿ ಬರುವುದೆಂಬ ಗ್ಯಾರಂಟಿ ನಮ್ಮ ಕ್ಯಾಸೆಟ್ ಕಾಲದಲ್ಲಂತೂ ಇರಲಿಲ್ಲ! ಅದೇ ವರ್ಷದ ಜೂನ್ 5ರಂದು ಬಂದ ಸ್ವಿಚ್ 2ರಲ್ಲಿ, ಒಬ್ಬರ ಬಳಿಯಿರುವ ಒಂದೇ ಪ್ರತಿಯಿಂದ ಪಕ್ಕದಲ್ಲಿ ಕುಳಿತವರೂ ತಮ್ಮ ಯಂತ್ರದಲ್ಲಿ ಜೊತೆಯಾಗಿ ಆಡುವ ಸೌಲಭ್ಯವನ್ನು ಕೆಲವು ಆಟಗಳಿಗೆ ಕೊಟ್ಟಿದ್ದಾರೆ.

ಈ ಎಲ್ಲ ವ್ಯವಸ್ಥೆಗಳಲ್ಲೂ ಕುಟುಂಬವೆಂದರೆ ಯಾರು ಎಂಬುದನ್ನು ತೀರ್ಮಾನಿಸುವವರು ನಾವಲ್ಲ. ಸ್ಟೀಮ್ ಪ್ರಕಾರ ಒಂದೇ ಮನೆಯಲ್ಲಿರುವ ಆರು ಜನ. ನಿಂಟೆಂಡೊ ಪ್ರಕಾರ ಎಂಟು. ಫೋನಿಗೆ ಬಂದರೆ, ಗೂಗಲ್ ಮತ್ತು ಆಪಲ್ ಎರಡರಲ್ಲೂ ಆರು ಜನ, ಅವರೂ ಒಂದೇ ದೇಶದವರಾಗಿರಬೇಕು. ಅಪ್ಪ ಅಮ್ಮ ಧಾರವಾಡದಲ್ಲಿ, ಮಗಳು ಬೆಂಗಳೂರಿನಲ್ಲಿ, ಮಗ ನ್ಯೂಜೆರ್ಸಿಯಲ್ಲಿ ಇರುವ ಮನೆತನಗಳು ನಮ್ಮಲ್ಲಿ ಎಷ್ಟಿಲ್ಲ? ಹಬ್ಬಕ್ಕೆ ಎಲ್ಲರೂ ಒಂದೇ ಪಂಕ್ತಿಯಲ್ಲಿ ಕೂರುವ ಆ ಮನೆಯವರು ಆಟದ ಅಂಗಡಿಯ ಲೆಕ್ಕದಲ್ಲಿ ಒಂದು ಕುಟುಂಬವಲ್ಲ. ಒಂದು ಸೂರು, ಒಂದು ದೇಶ ಎಂಬ ಅಳತೆಯನ್ನು ಸಿಯಾಟಲ್ ಅಥವಾ ಕ್ಯಾಲಿಫೋರ್ನಿಯಾದ ಪುಟ್ಟ ಕುಟುಂಬಗಳನ್ನು ಕಣ್ಣಮುಂದಿಟ್ಟುಕೊಂಡು ಮಾಡಿದ್ದಾರೆಂದು ನನಗೆ ಅನಿಸುತ್ತದೆ. ಫೋನಿನ ಆಟಗಳಲ್ಲಿ ಇನ್ನೊಂದು ತೊಡಕೂ ಇದೆ: ಹೆಚ್ಚಿನ ಆಟಗಳು ಉಚಿತವಾಗಿ ಸಿಕ್ಕಿ, ಒಳಗೆ ಹೋದ ಮೇಲೆ ಉಡುಪು, ನಾಣ್ಯ, ಶಕ್ತಿ ಎಂದು ಹಣ ಕೇಳುತ್ತವೆ. ಗೂಗಲ್‌ನಲ್ಲಿ ಹೀಗೆ ಒಳಗೆ ಕೊಂಡದ್ದು ಕುಟುಂಬದ ಹಂಚಿಕೆಗೆ ಸೇರುವುದಿಲ್ಲ. ಅಕ್ಕನ ಫೋನಿನಲ್ಲಿ ಕೊಡಿಸಿದ್ದನ್ನು ತಮ್ಮನಿಗೆ ಮತ್ತೆ ಕೊಡಿಸಬೇಕಾಗುತ್ತದೆ.

ದೂರದಲ್ಲಿರುವವರ ಜೊತೆ ಆಡಬೇಕೆನ್ನುವವರಿಗೆ ಬೇರೆ ಬಾಗಿಲುಗಳಿವೆ. ಆಟಗಾರರೇ ಮನೆ, ಊರುಗಳನ್ನು ಕಟ್ಟುತ್ತ ಹೋಗುವ ಆಟವಾದ ಮೈನ್‌ಕ್ರಾಫ್ಟ್ 2017ರ ಸೆಪ್ಟೆಂಬರಿನಲ್ಲಿ ಫೋನು, ಕಂಪ್ಯೂಟರು ಮತ್ತು ಎಕ್ಸ್‌ಬಾಕ್ಸ್‌ಗಳ ನಡುವಿನ ಗೋಡೆಯನ್ನು ತೆಗೆಯಿತು, 2018ರಲ್ಲಿ ಸ್ವಿಚ್, 2019ರ ಡಿಸೆಂಬರಿನಲ್ಲಿ ಪ್ಲೇಸ್ಟೇಷನ್ ಸೇರಿಕೊಂಡವು. ಇಲ್ಲಿ ಪ್ರತಿಯೊಬ್ಬರೂ ತಮ್ಮ ಯಂತ್ರಕ್ಕೆ ಆಟವನ್ನು ಕೊಂಡಿರಲೇಬೇಕು. ಹಂಚಿಕೆಯಾಗುವುದು ಆಟವಲ್ಲ, ಅದರೊಳಗೆ ಕಟ್ಟಿದ ಊರು. ಇದಕ್ಕಿಂತ ಉದಾರವಾದದ್ದು ಹೇಜ್‌ಲೈಟ್ ಎಂಬ ಸ್ವೀಡನ್ನಿನ ತಯಾರಕರ ಪದ್ಧತಿ. ಇವರ ಆಟಗಳನ್ನು ಇಬ್ಬರು ಸೇರಿಯೇ ಆಡಬೇಕು, ಆದ್ದರಿಂದ ಒಬ್ಬರು ಕೊಂಡರೆ ಇನ್ನೊಬ್ಬರು ಫ್ರೆಂಡ್ಸ್ ಪಾಸ್ ಎಂಬುದನ್ನು ಉಚಿತವಾಗಿ ಇಳಿಸಿಕೊಂಡು ಜೊತೆಯಾಗಬಹುದು. 2025ರ ಮಾರ್ಚಿನಲ್ಲಿ ಬಂದ ಇವರ ಸ್ಪ್ಲಿಟ್ ಫಿಕ್ಷನ್‌ನಲ್ಲಂತೂ ಒಬ್ಬರು ಕಂಪ್ಯೂಟರಿನಲ್ಲಿ, ಇನ್ನೊಬ್ಬರು ಪ್ಲೇಸ್ಟೇಷನ್ನಿನಲ್ಲಿ ಇದ್ದರೂ ಅಡ್ಡಿಯಿಲ್ಲ. ಒಂದೇ ಪರದೆಯಲ್ಲಿ ಇಬ್ಬರು ಆಡುವ ಬೇರೆ ಆಟಗಳಿಗೆ ಸ್ಟೀಮ್ 2019ರಿಂದ ರಿಮೋಟ್ ಪ್ಲೇ ಟುಗೆದರ್ ಸೌಲಭ್ಯ ಕೊಟ್ಟಿದೆ: ಆಟ ನಡೆಯುವುದು ನಿಮ್ಮ ಕಂಪ್ಯೂಟರಿನಲ್ಲಿ, ಗೆಳೆಯನಿಗೆ ಅದರ ಚಿತ್ರ ಹೋಗುತ್ತದೆ, ಅವನು ಒತ್ತಿದ ಗುಂಡಿ ನಿಮ್ಮಲ್ಲಿಗೆ ಬರುತ್ತದೆ. ನಿಮ್ಮ ಕಡೆಯ ಇಂಟರ್ನೆಟ್ ಚುರುಕಾಗಿಲ್ಲದಿದ್ದರೆ ಅವನು ಹಾರುವ ಹೊತ್ತಿಗೆ ಹಳ್ಳ ಬಂದು ಹೋಗಿರುತ್ತದೆ.

ಇವೆಲ್ಲ ಬೇಡ, ವಿದೇಶದಲ್ಲಿರುವ ಸೋದರಳಿಯನಿಗೆ ನೇರವಾಗಿ ಒಂದು ಆಟವನ್ನೇ ಉಡುಗೊರೆ ಕಳಿಸುತ್ತೇನೆ ಎನ್ನುವವರು ಹಣ ಕಟ್ಟುವ ಮೊದಲು ಒಂದು ಮಾತು ಗಮನಿಸಿ. ಅವನ ಬಳಿ ಯಾವ ಯಂತ್ರವಿದೆ ಎಂದು ಕೇಳಿದರೆ ಸಾಲದು, ಅವನ ಅಕೌಂಟ್ ಯಾವ ದೇಶದ್ದು ಎಂಬುದನ್ನೂ ಕೇಳಬೇಕು. ಸ್ಟೀಮ್‌ನಲ್ಲಿ ಎರಡು ದೇಶಗಳ ಬೆಲೆಯ ನಡುವೆ ಹೆಚ್ಚು ಅಂತರವಿದ್ದರೆ ಉಡುಗೊರೆ ದಾಟುವುದಿಲ್ಲ. ಭಾರತದಲ್ಲಿ ಹಲವು ಆಟಗಳ ಬೆಲೆ ಅಮೆರಿಕಕ್ಕಿಂತ ಕಡಿಮೆ ಇರುವುದರಿಂದ ಇಲ್ಲಿಂದ ಅಲ್ಲಿಗೆ ಕಳಿಸುವಾಗಲೇ ಈ ತಡೆ ಎದುರಾಗುವುದು ಹೆಚ್ಚು. ಉಡುಗೊರೆ ತಲುಪಿ, ಅವನಲ್ಲಿ ಆ ಆಟ ಸರಿಯಾಗಿ ನಡೆಯದಿದ್ದರೆ, ಕೊಂಡ 14 ದಿನಗಳ ಒಳಗೆ, ಎರಡು ಗಂಟೆಗಿಂತ ಕಡಿಮೆ ಆಡಿರುವಾಗಲೇ ಅವನು ತನ್ನ ಕಡೆಯಿಂದ ಮರಳಿಸುವ ಅರ್ಜಿ ಹಾಕಬೇಕು. ಹಣ ನಿಮ್ಮಲ್ಲಿಗೆ ಹಿಂದಿರುಗುತ್ತದೆ.

ನಮಸ್ಕಾರ.