ಜೋಧಾಬಾಯಿ ಆಗೋ ಮೊದ್ಲು ದುರ್ಗಾ ಖೋಟೆ ಏನಾಗಿದ್ರು?

ಎಲ್ರಿಗೂ ನಮಸ್ಕಾರ. 1960ರ ಮೊಘಲ್-ಎ-ಆಜಮ್ ಸಿನಿಮಾ ನೋಡಿದೀರಲ್ವಾ? ಅನಾರ್ಕಲಿ, ಸಲೀಮ್, ಆ ಕನ್ನಡಿ ಮಹಲಿನ ಡ್ಯಾನ್ಸ್, ಅದೆಲ್ಲ ಸ್ವಲ್ಪ ಹೊತ್ತು ಪಕ್ಕಕ್ಕಿಡಿ. ಅದರಲ್ಲಿ ಒಬ್ರು ಅಮ್ಮ ಇದಾರೆ, ಜೋಧಾಬಾಯಿ. ಒಂದ್ ಕಡೆ ಗಂಡ ಹಿಂದೂಸ್ತಾನದ ಬಾದಷಹ, ಇನ್ನೊಂದ್ ಕಡೆ ಹೆತ್ತ ಮಗ, ಇಬ್ರೂ ಯುದ್ಧಕ್ಕೆ ನಿಂತಿದಾರೆ, ಈಕೆ ಯಾರಿಗೆ ಅಂತ ಆರತಿ ಎತ್ತಬೇಕು ಹೇಳಿ. ಆ ಪಾತ್ರ ಮಾಡಿದ್ದು ದುರ್ಗಾ ಖೋಟೆ. ನಮ್ಮ ವೀಕ್ಷಕರೊಬ್ರು ಕೇಳಿದ ಪ್ರಶ್ನೆ ಏನಪ್ಪಾ ಅಂದ್ರೆ, ಈಕೆ ಬಾಂಬೆಯ ದೊಡ್ಡ ಶ್ರೀಮಂತರ ಮನೆಯವ್ರಂತೆ, ಇಂಗ್ಲಿಷ್ ಓದಿದವ್ರಂತೆ, 1931ರಲ್ಲಿ ಸಿನಿಮಾ ಅಂದ್ರೆ ಜನ ಮೂಗು ಮುರೀತಿದ್ದಾಗ ಇವ್ರನ್ನ ಮನೆಯವ್ರು ಹೇಗ್ ಕಳಿಸಿದ್ರು ಅಂತ. ಒಳ್ಳೇ ಪ್ರಶ್ನೆ. ಉತ್ತರ ಒಂದೇ ಪದದಲ್ಲಿ ಹೇಳ್ಬಿಡ್ತೀನಿ, ದುಡ್ಡು. ಆದ್ರೆ ವಿಡಿಯೋ ಆಫ್ ಮಾಡ್ಬೇಡಿ, ಮಜಾ ಇರೋದು ಇನ್ನು ಮುಂದೆ.

[ಸ್ಕ್ರೀನ್ ಮೇಲೆ: ಹಳೇ ಬಾಂಬೆ, ಗಿರ್ಗಾಂವ್ ರಸ್ತೆ]

ಬೇಸಿಕ್ ವಿಷಯ ಬೇಗ ಮುಗಿಸೋಣ. ಹುಟ್ಟಿದ್ದು 1905 ಜನವರಿ 14, ಹುಟ್ಟು ಹೆಸರು ವಿಠಾ ಲಾಡ್, ಗೋವಾ ಮೂಲದ ಕುಟುಂಬ, ಮನೇಲಿ ಮಾತಾಡ್ತಿದ್ದದ್ದು ಕೊಂಕಣಿ. ಓದಿದ್ದು ಕೆಥೀಡ್ರಲ್ ಹೈಸ್ಕೂಲು, ಆಮೇಲೆ ಸೇಂಟ್ ಝೇವಿಯರ್ಸ್ ಕಾಲೇಜು. ಇನ್ನೂ ಹದಿಹರೆಯದಲ್ಲೇ ಖೋಟೆ ಅನ್ನೋ ಭಾರೀ ಮನೆತನಕ್ಕೆ ಸೊಸೆಯಾಗಿ ಹೋದ್ರು. ಇಬ್ರು ಗಂಡು ಮಕ್ಕಳು, ಬಕುಲ್, ಹರಿನ್. ಆಮೇಲೆ ಗಂಡನ ಮನೆ ಆಸ್ತಿ ಕರಗಿತು, ಚಿಕ್ಕ ವಯಸ್ಸಲ್ಲೇ ಗಂಡನೂ ಹೋದ್ರು, ಮಕ್ಕಳನ್ನ ಸಾಕೋ ಹೊಣೆ ಪೂರ್ತಿ ಇವ್ರ ತಲೆ ಮೇಲೆ. ಅಷ್ಟೇ. ಬೇಸಿಕ್ ಮುಗೀತು.

ಈಗ ನನಗಿಷ್ಟವಾದ ಜಾಗಕ್ಕೆ ಬರ್ತೀನಿ, ಸ್ವಲ್ಪ ಹಿಂದಕ್ಕೆ ಹೋಗ್ಬೇಕು, ಬನ್ನಿ. 1913. ದಾದಾಸಾಹೇಬ್ ಫಾಲ್ಕೆಯವ್ರು ರಾಜಾ ಹರಿಶ್ಚಂದ್ರ ಅನ್ನೋ ಮೂಕಿ ಸಿನಿಮಾ ತೆಗೀತಿದಾರೆ. ನಾವು ರಾಘವಾಂಕನ ಕಾಲದಿಂದ ಚಂದ್ರಮತಿ ಅಂತ ಕರೀತೀವಲ್ಲ, ಮರಾಠಿಯವ್ರಿಗೆ ಆಕೆ ತಾರಾಮತಿ. ಆ ಪಾತ್ರಕ್ಕೆ ಹೆಂಗಸು ಬೇಕು. ಫಾಲ್ಕೆ ಎಲ್ಲೆಲ್ಲಿ ಹುಡುಕಿದ್ರು ಅಂದ್ರೆ ಕೊನೆಗೆ ವೇಶ್ಯೆಯರ ಬೀದಿಗೂ ಹೋಗಿ ಕೇಳಿದ್ರಂತೆ, ಅಲ್ಲೂ ಯಾರೂ ಒಪ್ಪಲಿಲ್ಲ, ಅಷ್ಟು ಕೆಟ್ಟ ಹೆಸರು ಆ ಹೊಸ ಧಂದೆಗೆ! ಕೊನೆಗೆ ಹೋಟೆಲೊಂದ್ರಲ್ಲಿ ಅಡುಗೆ ಕೆಲಸ ಮಾಡ್ತಿದ್ದ ಅಣ್ಣಾ ಸಾಳುಂಕೆ ಅನ್ನೋ ತೆಳ್ಳಗಿನ ಹುಡುಗ ಕಣ್ಣಿಗೆ ಬಿದ್ದ. ಸೀರೆ ಉಡ್ಸಿದ್ರು, ತಾರಾಮತಿ ರೆಡಿ. ಇದೇ ಸಾಳುಂಕೆ 1917ರ ಲಂಕಾ ದಹನದಲ್ಲಿ ಏನ್ ಮಾಡ್ದ ಗೊತ್ತಾ? ರಾಮನೂ ಅವನೇ, ಸೀತೆಯೂ ಅವನೇ. ಒಂದೇ ಸಂಬಳದಲ್ಲಿ ದಂಪತಿ ಇಬ್ರನ್ನೂ ಮುಗಿಸಿದ ಪ್ರೊಡ್ಯೂಸರ್ ಬುದ್ಧಿ ಇವತ್ತಿನವ್ರಿಗೂ ಬರಲ್ಲ ಬಿಡಿ.

ರಾಜಾ ಹರಿಶ್ಚಂದ್ರ ಆಗಿ ಹತ್ತೊಂಬತ್ತು ವರ್ಷಕ್ಕೆ, 1932ರಲ್ಲಿ, ಮರಾಠಿಯ ಮೊದಲ ಟಾಕಿ, ಅಂದ್ರೆ ಮಾತಾಡೋ ಸಿನಿಮಾ ಬಂತು, ಅಯೋಧ್ಯೇಚಾ ರಾಜಾ. ಕಥೆ ಮತ್ತೆ ಅದೇ ಹರಿಶ್ಚಂದ್ರ. ಕೊಲ್ಹಾಪುರದ ಪ್ರಭಾತ್ ಕಂಪನಿ, ಡೈರೆಕ್ಟರ್ ವಿ. ಶಾಂತಾರಾಮ್. ಈ ಸಲ ತಾರಾಮತಿ ಯಾರು? ಝೇವಿಯರ್ಸ್ ಕಾಲೇಜಲ್ಲಿ ಓದಿದ ದುರ್ಗಾ ಖೋಟೆ.

ಮಧ್ಯದಲ್ಲಿ ಒಂದು ಸಣ್ಣ ಪಾತ್ರ ಇತ್ತು, 1931ರ ಫರೇಬಿ ಜಾಲ್, ಮೋಹನ್ ಭವನಾನಿ ತೆಗೆದದ್ದು. ಸಿನಿಮಾ ಮಕಾಡೆ ಮಲಗ್ತು, ಸಂಬಂಧಿಕರು ಬಾಯಿಗೆ ಬಂದಂಗೆ ಬೈದ್ರು, ಇನ್ನು ಆ ಕಡೆ ತಲೆ ಹಾಕಬಾರದು ಅನ್ನೋ ಪರಿಸ್ಥಿತಿ. ಆ ಸೋತ ಸಿನಿಮಾ ನೋಡೇ ಶಾಂತಾರಾಮ್ ಇವ್ರನ್ನ ಹುಡ್ಕೊಂಡು ಬಂದದ್ದು.

[ಸ್ಕ್ರೀನ್ ಮೇಲೆ: ಅಯೋಧ್ಯೇಚಾ ರಾಜಾ ಚಿತ್ರದ ಸ್ಟಿಲ್]

ಈ ಅಯೋಧ್ಯೇಚಾ ರಾಜಾ ಶೂಟಿಂಗ್ ಬಗ್ಗೆ ನಾನು ಹೇಳ್ಲೇಬೇಕು, ಯಾಕಂದ್ರೆ ಇದು ತಲೆ ಕೆಡಿಸೋ ವಿಷಯ. ಆಗ ಪ್ಲೇಬ್ಯಾಕ್ ಅನ್ನೋದೇ ಇರ್ಲಿಲ್ಲ, ನಮ್ಮಲ್ಲಿ ಅದು ಶುರುವಾಗಿದ್ದು 1935ರಲ್ಲಿ. ಅಂದ್ರೆ ನಟಿ ಕ್ಯಾಮೆರಾ ಮುಂದೆ ನಟಿಸ್ತಾನೇ ಹಾಡ್ಬೇಕು, ಡಬ್ಬಿಂಗ್ ಇಲ್ಲ, ಆಮೇಲೆ ಸರಿ ಮಾಡ್ಕೊಳೋಣ ಅನ್ನೋ ಮಾತಿಲ್ಲ. ಹಾಡಿಗೆ ಹಾರ್ಮೋನಿಯಂ, ತಬಲ ಬೇಕಲ್ಲ, ಅವ್ರು ಎಲ್ಲಿ ಕೂರೋದು? ಫ್ರೇಮಿನ ಆಚೆ, ಕಣ್ಣಿಗೆ ಕಾಣದ ಹಾಗೆ. ನೀವು ಯಕ್ಷಗಾನ ನೋಡಿರ್ತೀರಿ, ಭಾಗವತರು, ಮದ್ದಳೆ, ಚೆಂಡೆ ಎಲ್ಲ ರಂಗದ ಮೇಲೇ ಠೀವಿಯಿಂದ ಇರ್ತಾರೆ. ಈಗ ಆ ಇಡೀ ಹಿಮ್ಮೇಳವನ್ನ ಎತ್ತಿ ಸೆಟ್ಟಿನ ಕಂಬದ ಹಿಂದೆ, ಪರದೆ ಸಂದಿಯಲ್ಲಿ ಬಚ್ಚಿಡಿ, ವೇಷಧಾರಿ ಬಾಯಿಗೇ ಭಾಗವತರ ಪದ್ಯ ಹೊರಿಸಿ, ಮೇಲಿಂದ ಒಂದು ಮೈಕು ತೂಗುಹಾಕಿ, ಅದಕ್ಕೆ ಕೇಳೋ ಹಾಗೂ ಇರ್ಬೇಕು ಅದು ಕ್ಯಾಮೆರಾಗೆ ಕಾಣ್ಲೂಬಾರ್ದು, ಯಾರಾದ್ರೂ ಕೆಮ್ಮಿದ್ರೆ ಇಡೀ ಪ್ರಸಂಗ ಮೊದ್ಲಿಂದ. ಇದು 1932ರ ಟಾಕಿ.

ಇನ್ನೂ ಇದೆ, ತಾಳಿ. ಆ ಸಿನಿಮಾ ಮರಾಠಿ, ಹಿಂದಿ ಎರಡ್ರಲ್ಲೂ ತೆಗೆದ್ರು. ಡಬ್ಬಿಂಗ್ ಇಲ್ಲ ಅಂದ್ನಲ್ಲ, ಹಾಗಾಗಿ ಎಲ್ಲಾನೂ ಎರಡೆರಡು ಸಲ. ಮರಾಠಿಯಲ್ಲಿ ಮಗ ರೋಹಿದಾಸ ಸತ್ತ ಅಂತ ಎದೆ ಬಡ್ಕೊಂಡು ಅತ್ತಾಯ್ತಾ, ಕಣ್ಣೊರೆಸ್ಕೊಂಡು ಮತ್ತೆ ಹಿಂದಿಯಲ್ಲಿ ಅಳಬೇಕು. ಹರಿಶ್ಚಂದ್ರನ ಪಾತ್ರದಲ್ಲಿ ಗೋವಿಂದರಾವ್ ಟೆಂಬೆ, ಹಾರ್ಮೋನಿಯಂನಲ್ಲಿ ಎತ್ತಿದ ಕೈ, ಆ ಸಿನಿಮಾದ ಸಂಗೀತವೂ ಅವ್ರದ್ದೇ. ಎದುರಿಗೆ ಅಂಥಾ ವಿದ್ವಾಂಸ, ಈ ಕಡೆ ಸ್ಟೇಜನ್ನೇ ಹತ್ತದ ಮನೆತನದ ಹೆಣ್ಣುಮಗಳು, ಹಾಡೂ ತಾನೇ ಹಾಡ್ಬೇಕು. ಹಾಡಿದ್ರು. ಸಿನಿಮಾ ಗೆದ್ದಿತು, ಬೈತಿದ್ದವ್ರ ಬಾಯಿ ನಿಂತ್ಹೋಯ್ತು, ನಮ್ ಜನ ಎಲ್ಲಾ ಕಡೆನೂ ಒಂದೇ. ಅಂದಹಾಗೆ ಕನ್ನಡದ ಮೊದಲ ಟಾಕಿ ಸತಿ ಸುಲೋಚನಾ, 1934ರದ್ದು, ಅದೂ ಶೂಟಿಂಗ್ ಆಗಿದ್ದು ಇದೇ ಕೊಲ್ಹಾಪುರದಲ್ಲಿ, ಸ್ಟುಡಿಯೋ ಬೇರೆ ಅಷ್ಟೇ.

ಈಗ ನನ್ನ ಒಂದು ತಕರಾರು. ದುರ್ಗಾ ಖೋಟೆ ಬಗ್ಗೆ ಎಲ್ಲಿ ಓದಿದ್ರೂ ಮೊದಲ ವಾಕ್ಯ ಅದೇ, "ಮರ್ಯಾದಸ್ಥ ಕುಟುಂಬದಿಂದ ಬಂದ ಮೊದಲ ನಟಿಯರಲ್ಲೊಬ್ರು, ಇವ್ರಿಂದ ಗೌರವಸ್ಥ ಹೆಣ್ಣುಮಕ್ಕಳಿಗೆ ಬಾಗಿಲು ತೆರೀತು." ಕೇಳೋಕೆ ಚೆನ್ನಾಗಿದೆ. ಆದ್ರೆ ಅದೇ 1913ರಲ್ಲಿ ಫಾಲ್ಕೆಯವ್ರ ಎರಡನೇ ಸಿನಿಮಾ ಮೋಹಿನಿ ಭಸ್ಮಾಸುರಕ್ಕೆ ಹೆಂಗಸರು ಸಿಕ್ಕಿದ್ರು, ದುರ್ಗಾಬಾಯಿ ಕಾಮತ್, ಅವ್ರ ಮಗಳು ಕಮಲಾಬಾಯಿ ಗೋಖಲೆ. ನಟ ವಿಕ್ರಮ್ ಗೋಖಲೆಯವ್ರ ಅಜ್ಜಿ ಈ ಕಮಲಾಬಾಯಿ. ದುರ್ಗಾಬಾಯಿ ಗಂಡನಿಂದ ದೂರ ಆಗಿ, ಮಗಳನ್ನ ಕಟ್ಕೊಂಡು ನಾಟಕ ಕಂಪನಿ ಸೇರಿ ಊರೂರು ತಿರುಗಿದವ್ರು. ಕಾಮತ್ ಮಗಳನ್ನ ಸಾಕೋಕೆ ಬಂದ್ರು, ಖೋಟೆನೂ ಮಕ್ಕಳನ್ನ ಸಾಕೋಕೇ ಬಂದ್ರು. ಕಾರಣ ಒಂದೇ ಅಲ್ವಾ? ಒಬ್ರಿಗೆ ಬಹಿಷ್ಕಾರ, ಇನ್ನೊಬ್ರಿಗೆ ಮರ್ಯಾದಸ್ಥೆ ಅಂತ ಬಿರುದು, ಯಾಕಂದ್ರೆ ಖೋಟೆ ಹಿಂದೆ ಕಾಲೇಜು ಇತ್ತು, ಮನೆತನದ ಹೆಸರು ಇತ್ತು. ದುರ್ಗಾ ಖೋಟೆ ದೊಡ್ಡವ್ರೇ, ಅನುಮಾನನೇ ಇಲ್ಲ, ಆದ್ರೆ ಅವ್ರ ದೊಡ್ಡತನ ಮನೆತನದಲ್ಲಿ ಇಲ್ಲ, ಸಿನಿಮಾವನ್ನ ಒಂದು ಉದ್ಯೋಗದ ಥರ ನೋಡಿದ್ರಲ್ಲ, ಅದರಲ್ಲಿದೆ ಅಂತ ನನ್ನ ಲೆಕ್ಕ.

ಹೇಗೆ ಅಂತೀರಾ? ಆಗೆಲ್ಲ ನಟ ನಟಿಯರು ಸ್ಟುಡಿಯೋ ನೌಕರರು. ತಿಂಗಳ ಸಂಬಳ, ಕಾಂಟ್ರ್ಯಾಕ್ಟು, ಕಂಪನಿ ಹೇಳಿದ ಪಾತ್ರ ಮಾಡ್ಬೇಕು, ಬೇರೆ ಕಡೆ ಹೋಗೋ ಹಾಗಿಲ್ಲ. ಇವ್ರು ಆ ಬೇಲಿ ಹಾರಿದ ಮೊದಲಿಗರಲ್ಲಿ ಒಬ್ರು. ಪ್ರಭಾತ್‌ನಲ್ಲಿ ಮಾಯಾ ಮಚ್ಛಿಂದ್ರ ಮಾಡಿದ್ರು, ಪಕ್ಕದಲ್ಲಿ ನಿಜವಾದ ಚೀತಾ ಇಟ್ಕೊಂಡ ರಾಣಿ, ಆ ಫೋಟೋ ಸ್ಕ್ರೀನ್ ಮೇಲಿದೆ ನೋಡಿ. ಆಮೇಲೆ ಸೀದಾ ಕಲ್ಕತ್ತಾ, ಡೈರೆಕ್ಟರ್ ದೇವಕಿ ಬೋಸ್ ಜೊತೆ ರಾಜರಾಣಿ ಮೀರಾ, 1934ರಲ್ಲಿ ಸೀತಾ. ಆ ಸೀತಾ ವೆನಿಸ್ ಚಿತ್ರೋತ್ಸವಕ್ಕೆ ಹೋದ ಸಿನಿಮಾ. ಅದರಲ್ಲಿ ರಾಮ ಯಾರು ಗೊತ್ತಾ? ಪೃಥ್ವಿರಾಜ್ ಕಪೂರ್. ಅಂದ್ರೆ ಮೊಘಲ್-ಎ-ಆಜಮ್‌ನ ಅಕ್ಬರ್ ಮತ್ತು ಜೋಧಾ ಇದಾರಲ್ಲ, ಅವ್ರು ಅದಕ್ಕೆ ಇಪ್ಪತ್ತಾರು ವರ್ಷ ಮುಂಚೆ ರಾಮ ಸೀತೆ ಆಗಿದ್ದವ್ರು. ಇನ್ನೊಂದ್ಸಲ ನೋಡುವಾಗ ಇದನ್ನ ತಲೇಲಿಟ್ಕೊಂಡು ನೋಡಿ, ಆ ಜಗಳದ ಸೀನುಗಳೇ ಬೇರೆ ಥರ ಕಾಣ್ತವೆ.

ಮತ್ತೆ ಪ್ರಭಾತ್‌ಗೆ ಬಂದು 1936ರಲ್ಲಿ ಅಮರ್ ಜ್ಯೋತಿ. ನನ್ನ ಪ್ರಕಾರ ಇವ್ರ ಬೆಸ್ಟ್ ಪಾತ್ರ ಇದೇ, ಜೋಧಾಬಾಯಿ ಅಲ್ಲ. ಸೌದಾಮಿನಿ ಅಂತ ಒಬ್ಬಳು ಹೆಂಗಸು, ಹೆತ್ತ ಮಗನ ಮೇಲೆ ನಿನಗೆ ಹಕ್ಕಿಲ್ಲ ಅಂತ ಕಾನೂನು ಹೇಳಿಬಿಡುತ್ತೆ. ಆಕೆ ಅಳ್ತಾ ಕೂರಲ್ಲ, ಸಮುದ್ರಕ್ಕಿಳಿದು ಕಡಲ್ಗಳ್ಳರ ನಾಯಕಿ ಆಗ್ತಾಳೆ, ರಾಜ್ಯದ ಮೇಲೇ ಯುದ್ಧ ಸಾರಿ ನ್ಯಾಯಮಂತ್ರಿಯನ್ನೇ ಹಿಡ್ಕೊಂಡ್ ಬರ್ತಾಳೆ. ಇಸವಿ 1936 ರೀ! ಇವತ್ತು ಇದನ್ನ ಓಟಿಟಿಗೆ ಅಂತ ಯಾರಾದ್ರೂ ಮಾಡಿದ್ರೆ ಎಂಟು ಎಪಿಸೋಡು ಎಳೆದು, ಕೊನೆಗೆ ಆಕೆ ಕ್ಷಮೆ ಕೇಳೋ ಹಾಗೆ ಮಾಡ್ತಾರೆ.

ಸರಿ, ಟೈಮ್ ಓಡ್ತಾ ಇದೆ, ನಮ್ಮ ಎಡಿಟರ್ ಆಗ್ಲೇ ಮುಖ ಗಂಟು ಹಾಕ್ಕೊಂಡಿದಾನೆ. ನಾಟಕದ ಬಗ್ಗೆ ಹೇಳದೆ ಹೋದ್ರೆ ಮರಾಠಿ ಗೆಳೆಯರು ಬಿಡಲ್ಲ, ಆದ್ರಿಂದ ಬೇಗ ಹೇಳ್ತೀನಿ. ಸಾಮಾನ್ಯವಾಗಿ ನಾಟಕದಿಂದ ಸಿನಿಮಾಗೆ ಬರ್ತಾರಲ್ವಾ, ಇವ್ರದ್ದು ಉಲ್ಟಾ, ಸಿನಿಮಾದಲ್ಲಿ ಹೆಸರು ಮಾಡಿ ಆಮೇಲೆ ರಂಗಭೂಮಿಗೆ ಬಂದ್ರು. ಟಾಕಿ ಬಂದ ಮೇಲೆ ಮರಾಠಿ ನಾಟಕ ಕಂಪನಿಗಳು ಒಂದೊಂದಾಗಿ ಮುಚ್ಚಿದ್ವು, ಬಾಲಗಂಧರ್ವರಂಥ ಹೆಸರಾಂತ ಗಾಯಕ ನಟರು ಹುಬ್ಬಳ್ಳಿ ಧಾರವಾಡಕ್ಕೆ ಬಂದ್ರೆ ಊರೇ ಸೇರ್ತಿದ್ದ ಕಾಲ ಮುಗೀತಾ ಬಂದಿತ್ತು. ಅದನ್ನ ಮತ್ತೆ ಎತ್ತಿ ನಿಲ್ಲಿಸೋಕೆ ಗಿರ್ಗಾಂವಿನ ಮುಂಬಯಿ ಮರಾಠಿ ಸಾಹಿತ್ಯ ಸಂಘ ಕೈ ಹಾಕಿದಾಗ ದುರ್ಗಾ ಖೋಟೆ ಜೊತೆಗೆ ನಿಂತ್ರು. ಇಪ್ಟಾ, ಅಂದ್ರೆ ಇಂಡಿಯನ್ ಪೀಪಲ್ಸ್ ಥಿಯೇಟರ್ ಅಸೋಸಿಯೇಷನ್ ಅನ್ನೋ ನಾಟಕ ಸಂಘ, ಅದರಲ್ಲೂ ಇದ್ರು. ಖಾಡಿಲ್ಕರರ ಭಾವುಬಂದಕಿ ಮಾಡಿದ್ರು, ಶಿರವಾಡ್ಕರರು ಮ್ಯಾಕ್‌ಬೆತ್ ನಾಟಕವನ್ನ ರಾಜಮುಕುಟ ಅಂತ ಮರಾಠಿಗೆ ತಂದಾಗ ಅದರ ರಾಣಿ ಇವ್ರೇ. 1958ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಕೊಟ್ಟಿದ್ದು ಸಿನಿಮಾಗಲ್ಲ, ಮರಾಠಿ ನಾಟಕದ ನಟನೆಗೆ.

ಉಳಿದದ್ದು ಒಟ್ಟಿಗೆ ಹೇಳ್ಬಿಡ್ತೀನಿ. ವಯಸ್ಸಾದ ಮೇಲೆ ಅಮ್ಮ, ಅಜ್ಜಿ ಪಾತ್ರಗಳು, ಬಾಬಿಯಲ್ಲಿ ಡಿಂಪಲ್ ಅಜ್ಜಿ ಮಿಸೆಸ್ ಬ್ರಗಾಂಝಾ ಇವ್ರೇ, ಬಿದಾಯಿ ಸಿನಿಮಾಗೆ ಫಿಲ್ಮ್‌ಫೇರ್, 1980ರ ಕರ್ಜ್‌ನಲ್ಲಿ ಪುನರ್ಜನ್ಮ ಆಗಿ ಬಂದ ಮಗನಿಗೆ ಕಾಯೋ ತಾಯಿ. 1968ರಲ್ಲಿ ಪದ್ಮಶ್ರೀ. 1983ಕ್ಕೆ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ, ಹೆಂಗಸು ಸಿಗದೆ ಸಾಳುಂಕೆಗೆ ಸೀರೆ ಉಡ್ಸಿದ ಅದೇ ಫಾಲ್ಕೆ ಹೆಸರಿಂದು. ಬಂಧು ಬಳಗ ಕೇಳಿದ್ರೆ ಇನ್ನೊಂದು ವಿಡಿಯೋ ಆಗುತ್ತೆ. ಮೈದುನನ ಮಕ್ಕಳು ಶುಭಾ ಖೋಟೆ, ವಿಜು ಖೋಟೆ, ಹೌದು, ಶೋಲೆಯ ಕಾಲಿಯಾ! ಮಗ ಹರಿನ್ ಮದುವೆ ಆಗಿದ್ದು ಯಾರನ್ನ ಅಂದ್ರೆ ಆಮೇಲೆ ವಿಜಯಾ ಮೆಹ್ತಾ ಅಂತ ಹೆಸರಾದ ರಂಗ ನಿರ್ದೇಶಕಿಯನ್ನ. ಹರಿನ್ ಚಿಕ್ಕ ವಯಸ್ಸಲ್ಲೇ ತೀರಿಕೊಂಡ್ರು, ಸೊಸೆಗೂ ಇಬ್ರು ಗಂಡು ಮಕ್ಕಳು, ಅತ್ತೆ ಕಂಡ ಕಷ್ಟನೇ ಸೊಸೆಗೂ ಬಂತು. ಆ ವಿಜಯಾ ಮೆಹ್ತಾ ನಮ್ಮ ಕಾರ್ನಾಡರ ಹಯವದನವನ್ನ ಜರ್ಮನಿಗೆ ಹೋಗಿ ಅಲ್ಲಿನ ಕಲಾವಿದರ ಕೈಲಿ ಆಡಿಸಿದವ್ರು.

ಕೊನೇದಾಗಿ ದೂರದರ್ಶನ ಕಾಲದವ್ರಿಗೆ ಒಂದು. ದುರ್ಗಾ ಖೋಟೆ ಪ್ರೊಡಕ್ಷನ್ಸ್ ಅಂತ ಅವ್ರದ್ದೇ ಕಂಪನಿ ಇತ್ತು, ಜಾಹೀರಾತು, ಸಾಕ್ಷ್ಯಚಿತ್ರ, ಕಿರುಚಿತ್ರ ಮಾಡ್ತಿತ್ತು, ಅಂದ್ರೆ ನಟನೆ ಕೆಲಸ ಕಮ್ಮಿ ಆದ್ರೂ ಆಫೀಸು ನಡೀತಾನೇ ಇತ್ತು. 1988ರಲ್ಲಿ ವಾಗ್ಲೆ ಕಿ ದುನಿಯಾ ಬಂತಲ್ಲ, ಮೈಸೂರಿನ ಆರ್. ಕೆ. ಲಕ್ಷ್ಮಣ್ ಪಾತ್ರಗಳು, ಕುಂದನ್ ಶಾ ಡೈರೆಕ್ಷನ್ನು, ಸ್ಕೂಟರ್ರು, ಬಾಡಿಗೆ, ತಿಂಗಳ ಕೊನೆ ಅಂತ ಒದ್ದಾಡೋ ಗುಮಾಸ್ತ, ಅದನ್ನ ನಿರ್ಮಿಸಿದ್ದು ಈ ಕಂಪನಿನೇ. ಆಗ ಅವ್ರಿಗೆ ಎಂಬತ್ತಮೂರು ವರ್ಷ. 1991 ಸೆಪ್ಟೆಂಬರ್ 22ಕ್ಕೆ ತೀರಿಕೊಂಡ್ರು. ಆತ್ಮಕಥೆ ಮೀ, ದುರ್ಗಾ ಖೋಟೆ ಮರಾಠಿಯಲ್ಲಿದೆ, ಶಾಂತಾ ಗೋಖಲೆ ಇಂಗ್ಲಿಷಿಗೆ ತಂದಿದಾರೆ. ಬೆಳಗಾವಿ, ಹುಬ್ಬಳ್ಳಿ ಕಡೆ ಮರಾಠಿ ಓದೋಕೆ ಬರೋವ್ರು ಎಷ್ಟೋ ಜನ ಇದೀರಿ, ನೀವು ಮೂಲವನ್ನೇ ಹಿಡೀರಿ. ಮುಂದಿನ ವಿಡಿಯೋ ಕಮಲಾಬಾಯಿ ಗೋಖಲೆ ಬಗ್ಗೆನೇ ಮಾಡ್ತೀನಿ, ಬರ್ಲಾ?