‘ಕೃಷಿ ದೇಶದ ಬೆನ್ನೆಲುಬು’ ಅಂತ ಶುರು ಮಾಡಬೇಡಿ

ಎಲ್ಲರಿಗೂ ನಮಸ್ಕಾರ. ಇಲ್ಲಿರುವವರೆಲ್ಲ ಪಿಎಚ್‌.ಡಿ. ಹುಡುಗರ ಅಧ್ಯಾಯಗಳನ್ನು ತಿದ್ದಿ ತಿದ್ದಿ ಸುಸ್ತಾದವರೇ. ಹಾಗಾಗಿ ಪೀಠಿಕೆ ಬೇಡ.

ಬೆಳಗ್ಗೆಯಿಂದ ಒಂದೇ ಮಾತು ಕೇಳ್ತಾ ಇದ್ದೇನೆ: ‘ನಮ್ಮ ಹುಡುಗರಿಗೆ ಇಂಗ್ಲಿಷ್ ಬರಲ್ಲ ಸಾರ್.’ ಸರಿ, ಒಪ್ಪೋಣ. ಆದರೆ ಕನ್ನಡದಲ್ಲೇ ಥೀಸಿಸ್ ಬರೆಯುವವರದ್ದು ತೆಗೆದು ನೋಡಿ. ಅಲ್ಲೂ ಅದೇ ಹಾಡು ಅಲ್ವಾ? ‘ಅನಾದಿ ಕಾಲದಿಂದಲೂ’ ಅಂತ ಶುರುವಾಗಿ, ಅವರಿವರು ಹೇಳಿದ್ದನ್ನೆಲ್ಲ ಸಾಲಾಗಿ ಪೇರಿಸಿ, ಕೊನೆಗೆ ‘ಒಟ್ಟಾರೆ ಹೇಳುವುದಾದರೆ’. ಪಿಯುಸಿಯಿಂದ ಎಂ.ಎ.ವರೆಗೆ ನಾವು ನೋಟ್ಸ್ ಕೊಟ್ಟೆವು, ಅವರು ಅದನ್ನೇ ಬರೆದು ವಾಪಸ್ ಕೊಟ್ಟರು, ನಾವು ಮಾರ್ಕ್ಸ್ ಹಾಕಿದೆವು. ‘ನಿನಗೇನು ಅನ್ನಿಸ್ತು, ಯಾಕೆ ಹಾಗನ್ನಿಸ್ತು’ ಅಂತ ಯಾರೂ ಕೇಳಲಿಲ್ಲ. ಈಗ ದಿಢೀರ್ ಅಂತ ‘ನಿನ್ನ ವಾದ ಎಲ್ಲಿ’ ಅಂದರೆ ಎಲ್ಲಿಂದ ತರಬೇಕು?

ಅರ್ಥಶಾಸ್ತ್ರದ ಒಬ್ಬ ಹುಡುಗ, ಕೋಲಾರದ ಕಡೆಯವನು. ಬೋರ್‌ವೆಲ್ ಸಾಲದ ಮೇಲೆ ಸಂಶೋಧನೆ. ಮೊದಲ ಅಧ್ಯಾಯ ತಂದ. ಮೊದಲ ವಾಕ್ಯ ನಿಮಗೆ ಬಾಯಿಪಾಠ ಇದೆ: ‘ಅಗ್ರಿಕಲ್ಚರ್ ಈಸ್ ದ ಬ್ಯಾಕ್‌ಬೋನ್ ಆಫ್ ಇಂಡಿಯನ್ ಎಕಾನಮಿ.’ (ನಗಬೇಡಿ, ನಿಮ್ಮ ಬೀರುವಿನಲ್ಲೂ ಇದೆ.) ಆಮೇಲೆ ವೇದಕಾಲದ ಕೃಷಿ, ಹಸಿರು ಕ್ರಾಂತಿ, ಒಂದೊಂದೇ ಪಂಚವಾರ್ಷಿಕ ಯೋಜನೆ. ಕೋಲಾರದ ಸುಳಿವೇ ಇಲ್ಲ. ಕಾಗದ ಪಕ್ಕಕ್ಕಿಟ್ಟು, ಕ್ಯಾಂಟೀನಿಗೆ ಕರ್ಕೊಂಡು ಹೋಗಿ, ‘ಈ ವಿಷಯನೇ ಯಾಕಪ್ಪಾ ತಗೊಂಡೆ?’ ಅಂದೆ. ಕನ್ನಡದಲ್ಲಿ ಶುರು ಮಾಡಿದ ನೋಡಿ:

‘ಸಾರ್, ಬೋರು ಫೇಲಾದರೆ ಬ್ಯಾಂಕಿನವರು ಮತ್ತೆ ಸಾಲ ಕೊಡಲ್ಲ. ಆದರೂ ನಮ್ಮೂರಲ್ಲಿ ಎರಡನೇದು, ಮೂರನೇದು ಕೊರೆಸ್ತಾರೆ. ದುಡ್ಡು ಕೊಡೋದು ಟೊಮೆಟೊ ಮಂಡಿಯವರು. ಬಡ್ಡಿ ಬೇಡ ಅಂತಾರೆ, ಆದರೆ ಮಾಲು ಅವರ ಮಂಡಿಗೇ ಹಾಕಬೇಕು. ನಾನು ಓದಿದ ಪೇಪರ್‌ಗಳಲ್ಲಿ ಬ್ಯಾಂಕು, ಬಡ್ಡಿ ವ್ಯಾಪಾರಿ ಅಂತ ಎರಡೇ ಲೆಕ್ಕ. ಇದು ಎರಡರಲ್ಲೂ ಸೇರಲ್ಲ. ಇದನ್ನ ಯಾವ ಸಾಲ ಅನ್ನಬೇಕು ಅಂತಾನೇ ನಾನು ಹುಡುಕ್ತಿರೋದು.’

ಸಂಶೋಧನಾ ಬರಹಗಳ ಮೇಲೆ ಕೆಲಸ ಮಾಡಿದ ಭಾಷಾತಜ್ಞ ಜಾನ್ ಸ್ವೇಲ್ಸ್ 1990ರಲ್ಲಿ ಸಂಶೋಧನಾ ಲೇಖನದ ಪೀಠಿಕೆಗೆ ಮೂರು ಹೆಜ್ಜೆ ಹೇಳಿದ್ದರಲ್ಲ, ಈಗಾಗಲೇ ಗೊತ್ತಿರುವುದು, ಅದರಲ್ಲಿ ಬಿಟ್ಟುಹೋದದ್ದು, ನಾನು ಮಾಡುವುದು ಅಂತ, ಮೂರೂ ಇದರಲ್ಲಿವೆ. ಒಂದು ಲೋಟ ಕಾಫಿ ಮುಗಿಯುವುದರೊಳಗೆ! ‘ಇದನ್ನೇ ಬರಿ’ ಅಂದೆ. ‘ಇದು ಮಾತು ಸಾರ್, ಥೀಸಿಸ್‌ನಲ್ಲಿ ಇದನ್ನೆಲ್ಲ ಬರೀಬಹುದಾ?’ ಅಂದ. ಕನ್ನಡದಲ್ಲೇ ಒಂದು ಪುಟ ಬರೆದ, ಆಮೇಲೆ ಇಂಗ್ಲಿಷಿಗೆ ತಂದ. ತಪ್ಪುಗಳಿದ್ದವು. ತಿದ್ದೋಕೆ ಒಂದು ಮಧ್ಯಾಹ್ನ ಸಾಕಾಯ್ತು.

ರಾಬರ್ಟ್ ಕಪ್ಲಾನ್ ಅನ್ನುವ ಅಮೆರಿಕದ ಮೇಷ್ಟ್ರು 1966ರಲ್ಲಿ ಚಿತ್ರ ಬರೆದು ತೋರಿಸಿದ್ದರು: ಇಂಗ್ಲಿಷಿನವರ ಬರಹ ನೇರ ಗೆರೆ, ಪೂರ್ವದವರದು ಸುರುಳಿ. ನಮ್ಮಲ್ಲೂ ಕೆಲವರು ‘ಅದು ನಮ್ಮ ಸಂಸ್ಕೃತಿ ಸಾರ್’ ಅಂತ ತಲೆಯಾಡಿಸ್ತಾರೆ. ನಾನು ಒಪ್ಪಲ್ಲ. ಆ ಹುಡುಗ ಮಾತಾಡುವಾಗ ಸುತ್ತಿ ಬಳಸಲಿಲ್ಲ. ಬರೆಯುವಾಗ ಸುತ್ತಿದ್ದು ಪರೀಕ್ಷಕರ ಭಯಕ್ಕೆ. ಸ್ವಂತ ಮಾತು ಹೇಳಿದರೆ ‘ಇದಕ್ಕೆ ಆಧಾರ ಏನು’ ಅಂತಾರೆ, ವೇದಕಾಲಕ್ಕೆ ಯಾರೂ ಹಾಗೆ ಕೇಳಲ್ಲ.

ಇನ್ನು ಕೃತಿಚೌರ್ಯ. ಯುಜಿಸಿಯ 2018ರ ನಿಯಮದಲ್ಲಿ ಬೇರೆಯವರ ಬರಹದ ಜೊತೆ ಹೋಲಿಕೆ ಶೇ. 10ರವರೆಗೆ ಇದ್ದರೆ ದಂಡ ಇಲ್ಲ, ಶೇ. 60 ದಾಟಿದರೆ ನೋಂದಣಿಯೇ ರದ್ದು. ನಿಯಮ ಬೇಕು. ಆದರೆ ನಾವು ಕಲಿಸಿದ್ದೇನು? ಪರ್ಸೆಂಟೇಜ್ ಇಳಿಸೋದನ್ನ! ಹುಡುಗರು ಪದ ಬದಲಿಸುವ ಸಾಫ್ಟ್‌ವೇರ್ ಹಿಡಿದರು. ಈ ರೋಗ ನಮ್ಮದೊಬ್ಬರದೇ ಅಲ್ಲ ಬಿಡಿ. 2021ರಲ್ಲಿ ಕೆಲವು ಸಂಶೋಧಕರು ಪ್ರಕಟವಾದ ಲೇಖನಗಳನ್ನೇ ಜಾಲಾಡಿದಾಗ ‘ಆರ್ಟಿಫಿಶಿಯಲ್ ಇಂಟೆಲಿಜೆನ್ಸ್’ ಹೋಗಿ ‘ಕೌಂಟರ್‌ಫೀಟ್ ಕಾನ್ಷಿಯಸ್‌ನೆಸ್’, ಅಂದರೆ ನಕಲಿ ಪ್ರಜ್ಞೆ, ಆಗಿತ್ತು. ಸ್ತನ ಕ್ಯಾನ್ಸರ್ ‘ಬೂಸಮ್ ಪೆರಿಲ್’, ಅಂದರೆ ಎದೆಯ ಅಪಾಯ, ಆಗಿತ್ತು! ಇಂಗ್ಲಿಷ್ ಬರಲ್ಲ ಅಂತ ಆಗುವ ತಪ್ಪು ಇದಲ್ಲ. ಹೇಳೋಕೆ ಸ್ವಂತದ್ದೇನೂ ಇಲ್ಲದೆ ಪುಟ ತುಂಬಿಸಬೇಕಾದಾಗ ಆಗುವಂಥದ್ದು.

ಅಧ್ಯಕ್ಷರು ವಾಚ್ ನೋಡ್ತಿದ್ದಾರೆ. ಎಐ ಬಗ್ಗೆ ಹೇಳಬೇಕಿತ್ತು, ಒಂದೇ ಮಾತು: ಈಗ ಬರ್ತಿರುವ ಅಧ್ಯಾಯಗಳಲ್ಲಿ ಇಂಗ್ಲಿಷ್ ಚೊಕ್ಕವಾಗಿದೆ, ಮಂಡಿಯವರು ಮಾತ್ರ ಕಾಣ್ತಿಲ್ಲ. ವ್ಯಾಕರಣದ್ದೂ ಉಳಿದಿದೆ. ಇಂಗ್ಲಿಷಿನ ‘ಎ’, ‘ದಿ’ ಥರದ್ದು ಕನ್ನಡದಲ್ಲಿ ಇಲ್ಲ, ಅದು ಕೊನೆಯವರೆಗೂ ಕಾಡುತ್ತೆ, ಅದನ್ನು ಕೊನೆಗೇ ತಿದ್ದಿ. ಉಲ್ಲೇಖ ಕೊಡುವ ಶೈಲಿಗಳು ಕರಪತ್ರದಲ್ಲಿವೆ, ಓದಿಕೊಳ್ಳಿ.

ಊಟ ಆದಮೇಲೆ ನಿಮ್ಮ ವಿದ್ಯಾರ್ಥಿಗಳ ಮೊದಲ ಪುಟ ತೆಗೆದಿಡಿ. ಕೆಂಪು ಪೆನ್ ಬೇಡ, ಪೆನ್ಸಿಲ್ ಸಾಕು. ಬೇರೆ ಯಾರು ಬೇಕಾದರೂ ಬರೆಯಬಹುದಾಗಿದ್ದ ವಾಕ್ಯಗಳ ಕೆಳಗೆ ಗೆರೆ ಎಳೆಯುತ್ತಾ ಹೋಗಿ. ಗೆರೆ ಬೀಳದ ಮೊದಲ ವಾಕ್ಯ ಎಷ್ಟನೇ ಸಾಲಲ್ಲಿದೆ ಅಂತ ಗುರುತು ಹಾಕ್ಕೊಂಡು ಎರಡು ಗಂಟೆಗೆ ಬನ್ನಿ, ಅಲ್ಲಿಂದ ಶುರು ಮಾಡೋಣ.