ಉಬ್ಬರ ಬಂದಾಗ ತೂಕ ಇಳಿದರೆ? ‘ಉಬ್ಬರಹಗುರ’ದ ಪೂರ್ತಿ ಲೆಕ್ಕ

[ದೃಶ್ಯ: ಬೆಳಗಿನ ಜಾವ, ಮುಂಬೈಯ ಸಾಸೂನ್ ಡಾಕ್‌ನಂಥ ಮೀನು ಬಂದರು. ಎಲೆಕ್ಟ್ರಾನಿಕ್ ಕಾಟಾದ ಮೇಲೆ ಪಾಪ್ಲೆಟ್ ಮೀನಿನ ರಾಶಿ. ಅಂಕಿ 1.000ದಿಂದ ನಿಧಾನವಾಗಿ 0.900ಕ್ಕೆ ಇಳಿಯುತ್ತದೆ.]

ನಿರೂಪಣೆ: ಮೀನು ಅದೇ, ಕಾಟಾ ಅದೇ. ಉಬ್ಬರ ಮಾತ್ರ ಏರಿದೆ.

ಇದು ಮುಂಬೈ ಅಲ್ಲ. ಮುಂಬೈಯ ಅಚ್ಚಿನಲ್ಲೇ ಎರಕ ಹೊಯ್ದ ಕಲ್ಪನೆಯ ಊರು, ಹೆಸರು ಏಳುದೀವಿ. ನಮ್ಮ ಲೋಕಕ್ಕಿಲ್ಲದ ಒಂದೇ ಒಂದು ನಿಯಮ ಅಲ್ಲಿದೆ: ಉಬ್ಬರ ತುದಿ ಮುಟ್ಟುವ ಹೊತ್ತಿಗೆ ಗುರುತ್ವ ಶೇಕಡ 10 ಇಳಿಯುತ್ತದೆ. ಇದೇ ‘ಉಬ್ಬರಹಗುರ’. ಕಿಲೋಗೆ 9.8 ನ್ಯೂಟನ್ ಇದ್ದದ್ದು 8.82. ಇಳಿತಕ್ಕೆ ಮತ್ತೆ 9.8. ಒಂದು ಸುತ್ತಿಗೆ 12 ಗಂಟೆ 25 ನಿಮಿಷ, ಇಲ್ಲಿನ ಸಮುದ್ರದ ಗಡಿಯಾರವೇ.

ಚಂದ್ರ, ಸೂರ್ಯರ ಸೆಳೆತದಿಂದ ನಿಜವಾದ ಮುಂಬೈಯಲ್ಲೂ ನಮ್ಮ ತೂಕ ದಿನಾ ಏರಿಳಿಯುತ್ತದೆ. ಎಷ್ಟು? ಕೋಟಿಗೆ ಒಂದೆರಡು ಪಾಲು. 60 ಕಿಲೋ ತೂಗುವವರಿಗೆ ಹತ್ತು ಮಿಲಿಗ್ರಾಮ್ ಆಸುಪಾಸು. ಏಳುದೀವಿಯಲ್ಲಿ ಅದು ಆರು ಕಿಲೋ.

[ಪರದೆ: ಕಪ್ಪು ಕಲ್ಲಿನ ಪದರ, ಮೇಲೆ ಊರು]

ಎಲ್ಲಿ ನಡೆಯುತ್ತದೆ ಅನ್ನುವುದನ್ನು ಮೊದಲೇ ಗೆರೆ ಎಳೆದು ಹೇಳಬೇಕು. ಮುಂಬೈ ಕೂತಿರುವುದು ಸುಮಾರು 6.6 ಕೋಟಿ ವರ್ಷ ಹಿಂದಿನ ಲಾವಾ ಗಟ್ಟಿಯಾದ ಕಪ್ಪು ಕಲ್ಲಿನ ಮೇಲೆ. ಏಳುದೀವಿಯಲ್ಲಿ ಈ ಗುಣ ಇರುವುದು ಆ ಕಲ್ಲಿಗೇ. ಅದರ ಮೇಲಿನ ನೆಲದಲ್ಲಿ ಮಾತ್ರ ಹಗುರ, ಸಮುದ್ರದ ಮೇಲೆ ಇಲ್ಲ. ಸಮುದ್ರಕ್ಕೂ ಹಚ್ಚಿದರೆ ಕತೆ ಮೊದಲ ದಿನವೇ ಮುಳುಗಿತು: 4,000 ಮೀಟರ್ ಆಳದ ನೀರು ಹತ್ತರಲ್ಲಿ ಒಂದು ಪಾಲು ಹಗುರಾದರೆ, ಸುತ್ತಲಿನ ಭಾರದ ನೀರು ನುಗ್ಗಿ ಸಮ ಆಗಲು ಮಟ್ಟ 400 ಮೀಟರ್‌ಗೂ ಹೆಚ್ಚು ಏರಬೇಕು. ಮಲಬಾರ್ ಹಿಲ್ ತುದಿಯೂ ಉಳಿಯುವುದಿಲ್ಲ.

ಈಗ ಪೇಟೆಗೆ ಬನ್ನಿ. ಎಲೆಕ್ಟ್ರಾನಿಕ್ ಕಾಟಾ ಅಳೆಯುವುದು ತನ್ನ ಮೇಲೆ ಬಿದ್ದ ಒತ್ತನ್ನು. ಉಬ್ಬರದಲ್ಲಿ ಅದು 1 ಕಿಲೋ ತೋರಿಸಬೇಕಾದರೆ 1,111 ಗ್ರಾಂ ಮೀನು ಹಾಕಬೇಕು, ಕೊಳ್ಳುವವರಿಗೆ ಲಾಭ. ಎರಡು ತಟ್ಟೆಯ ತಕ್ಕಡಿಗೆ ಈ ರೋಗವಿಲ್ಲ. ಅತ್ತ ಮೀನು ಹಗುರಾದಷ್ಟೇ ಇತ್ತ ಬಟ್ಟೂ ಹಗುರ. ಹಾಗಾಗಿ ಏಳುದೀವಿಯ ಮೀನುಗಾರ್ತಿ ಉಬ್ಬರಕ್ಕೆ ತಕ್ಕಡಿ ಹಿಡಿಯುತ್ತಾಳೆ. ಇಳಿತದಲ್ಲಿ ಯಾವುದಾದರೂ ನಡೆದೀತು.

ಲೋಲಕದ ಗಡಿಯಾರ ಉಬ್ಬರದ ತುದಿಯಲ್ಲಿ ಗಂಟೆಗೆ ಮೂರು ನಿಮಿಷ ಹಿಂದೆ ಬೀಳುತ್ತದೆ. ಕೈಗಡಿಯಾರಕ್ಕೆ ಏನೂ ಆಗದು, ಅದು ನಡೆಯುವುದು ಸ್ಪ್ರಿಂಗಿನಿಂದ ಇಲ್ಲವೇ ಕ್ವಾರ್ಟ್ಜ್ ಹರಳಿನಿಂದ.

[ದೃಶ್ಯ: ಅಡುಗೆಮನೆ. ಕುಕ್ಕರ್ ಮುಚ್ಚಳದ ಮೇಲಿನ ವೆಯ್ಟ್, ತೀರಾ ಹತ್ತಿರದಿಂದ]

ಅಡುಗೆಮನೆಯಲ್ಲಿ ಸ್ವಲ್ಪ ನಿಲ್ಲೋಣ, ತಪ್ಪುಗಳೆಲ್ಲ ಆಗುವುದು ಇಲ್ಲೇ. ತೆರೆದ ಪಾತ್ರೆಯಲ್ಲಿ ನೀರು ಎಂದಿನಂತೆ 100 ಡಿಗ್ರಿಗೇ ಕುದಿಯುತ್ತದೆ. ಊರೊಂದರ ಮೇಲಿನ ಚೂರು ಗಾಳಿ ಹಗುರಾದರೆ ನೆಲಮಟ್ಟದ ಒತ್ತಡ ಬದಲಾಗದು, ಸುತ್ತಲಿನ ಗಾಳಿ ಸರಿದೂಗಿಸುತ್ತದೆ. ಇಡ್ಲಿಗೆ ತೊಂದರೆಯಿಲ್ಲ. ಕುಕ್ಕರ್ ಮಾತ್ರ ಬೇರೆ. ಅದರ ಒಳಗಿನ ಹಬೆಯನ್ನು ತಡೆದಿರುವುದು ಮೇಲಿನ ವೆಯ್ಟ್‌ನ ಭಾರ. ಆ ಭಾರ ಹತ್ತರಲ್ಲಿ ಒಂದು ಪಾಲು ಇಳಿದರೆ ಹಬೆ ಬೇಗ ಅದನ್ನು ಎತ್ತುತ್ತದೆ, ಒಳಗಿನ ಕಾವು 121ರಿಂದ ಸುಮಾರು 119 ಡಿಗ್ರಿಗೆ ಇಳಿಯುತ್ತದೆ. ಅಂದರೆ ಕೂಗು ಬೇಗ, ಬೇಯುವುದು ನಿಧಾನ. ಕೂಗು ಎಣಿಸಿ ಒಲೆ ಆರಿಸಿದವರ ಮನೆಯಲ್ಲಿ ಬೇಳೆ ಗಟ್ಟಿ. ಉಬ್ಬರದ ಅಡುಗೆಯನ್ನು ಗಡಿಯಾರ ನೋಡಿ ಮಾಡಬೇಕು, ಅದೂ ಲೋಲಕದ್ದಲ್ಲ.

[ದೃಶ್ಯ: ಮಳೆ, ಒದ್ದೆ ಹಳಿ, ಲೋಕಲ್]

ಲೋಕಲ್ ರೈಲಿನ ವಿಷಯ. ಒದ್ದೆ ಹಳಿಯ ಹಿಡಿತ ರೈಲಿನ ಭಾರದ 0.08 ಪಾಲು ಎಂದಿಟ್ಟುಕೊಳ್ಳಿ. 80 ಕಿಲೋಮೀಟರ್ ವೇಗದಲ್ಲಿ ಬ್ರೇಕ್ ಹಾಕಿದರೆ ಇಳಿತದಲ್ಲಿ 315 ಮೀಟರ್‌ಗೆ ನಿಲ್ಲುತ್ತದೆ, ಉಬ್ಬರದಲ್ಲಿ 350. ಒಂದೂವರೆ ಡಬ್ಬಿಗಿಂತ ಹೆಚ್ಚು ಮುಂದೆ. ಪುಣೆ ದಾರಿಯ ಭೋರ್ ಘಾಟ್‌ನಂಥ, 37 ಮೀಟರ್‌ಗೆ 1 ಮೀಟರ್ ಏರುವ ಹಳಿಯಲ್ಲಿ ರೈಲು ಹಿಂದಕ್ಕೆ ಜಾರುತ್ತದೆ ಎಂದು ಬರೆಯಲು ಕೈ ತುರಿಸುತ್ತದೆ, ಅದು ತಪ್ಪು. ಹಿಂದಕ್ಕೆ ಎಳೆಯುವ ಭಾರವೂ ಹಳಿಯ ಹಿಡಿತವೂ ಒಟ್ಟಿಗೇ ಇಳಿಯುತ್ತವೆ.

ಈಗ ನಿಜವಾದ ತೂತು. ಎಂಥ ಚೆಂದದ ಕಲ್ಪನೆಯೂ ಸೋರುವುದು ಇಲ್ಲೇ.

[ಪರದೆ: ಕಲ್ಲಿನ ಅಂಚು, ಒಳಗೊಂದು ಹೊರಗೊಂದು ಕಟ್ಟಡ]

ಉಬ್ಬರದ ತುದಿ. ಕಲ್ಲಿನ ಅಂಚಿನ ಒಳಗೆ, ಅಂದರೆ ಹಗುರದ ಕಡೆ, ಒಂದು ಕಿಲೋ ಇಟ್ಟಿಗೆಯನ್ನು 50 ಮೀಟರ್ ಎತ್ತಿ: ಖರ್ಚು 441 ಜೂಲ್. ಅಡ್ಡಕ್ಕೆ ಅಂಚು ದಾಟಿಸಿ, ಹೊರಗೆ ಇಳಿಬಿಡಿ: ಬಂದದ್ದು 490. ನೆಲದ ಮೇಲೇ ಒಳಗೆ ತಂದು ಮತ್ತೆ ಎತ್ತಿ. ಸುತ್ತಿಗೆ 49 ಜೂಲ್ ಬಿಟ್ಟಿ. ಹೀಗಾದರೆ ಏಳುದೀವಿಗೆ ಕಲ್ಲಿದ್ದಲೂ ಬೇಡ, ಸಂಬಳದ ಕೆಲಸವೂ ಬೇಡ, ಕತೆಗೆ ಜಗಳವೇ ಇರುವುದಿಲ್ಲ.

ಮುಚ್ಚುವುದು ಹೀಗೆ. ಅಂಚು ಒಂದು ಗೆರೆಯಲ್ಲ, 100 ಮೀಟರ್ ಅಗಲದ ಪಟ್ಟಿ. ಆ ಪಟ್ಟಿಯಲ್ಲಿ ಪ್ರತಿ ವಸ್ತುವನ್ನೂ ಊರಿನ ಒಳಕ್ಕೆ ಒಂದು ಅಡ್ಡಸೆಳೆತ ಎಳೆಯುತ್ತದೆ. ನೆಲದಲ್ಲಿ ಸೊನ್ನೆ, ಮೇಲೆ ಹೋದಷ್ಟೂ ಹೆಚ್ಚು. 50 ಮೀಟರ್ ಎತ್ತರದಲ್ಲಿ ಕಿಲೋಗೆ 0.49 ನ್ಯೂಟನ್. 100 ಮೀಟರ್ ಹೊರಕ್ಕೆ ತಳ್ಳಲು 49 ಜೂಲ್, ಬಿಟ್ಟಿ ಬಂದದ್ದು ಅಲ್ಲೇ ಚುಕ್ತಾ. ಈ ಸೆಳೆತವನ್ನು ನಾವು ಚೆಂದಕ್ಕೆ ಸೇರಿಸಿದ್ದಲ್ಲ, ಲೆಕ್ಕವೇ ಕೇಳಿ ತೆಗೆದುಕೊಂಡದ್ದು.

ಉಬ್ಬರಕ್ಕೆ ನೀರೆತ್ತಿ ಇಳಿತಕ್ಕೆ ಟರ್ಬೈನ್ ತಿರುಗಿಸುವ ಇನ್ನೊಂದು ಉಪಾಯವೂ ಇದೆ. ಮಲಬಾರ್ ಹಿಲ್‌ನ ಹ್ಯಾಂಗಿಂಗ್ ಗಾರ್ಡನ್ ಕೆಳಗಿರುವಂಥ ನೀರಿನ ಟ್ಯಾಂಕಿ ನೆನೆಸಿಕೊಳ್ಳಿ. ಪಂಪ್ 80, ಟರ್ಬೈನ್ 85 ಶೇಕಡ ದಕ್ಷ ಎಂದರೆ ಎರಡೂ ಸೇರಿ ಕೈಗೆ ಸಿಗುವುದು 68. ಹಗುರದ ಲಾಭ ದಕ್ಕಲು 90 ದಾಟಬೇಕು, ಹಾಗಾಗಿ ನೀರಿನಲ್ಲಿ ನಷ್ಟವೇ. ರಾಟೆಗೆ ಕಟ್ಟಿದ ಕಲ್ಲು ದಾಟಬಲ್ಲದು. ಆ ಹೆಚ್ಚುವರಿಯನ್ನು ಉಬ್ಬರದಿಂದಲೇ ಕಳೆಯಬೇಕು: ರಾಟೆಗಳು ಹೆಚ್ಚಿದಷ್ಟೂ ಸಮುದ್ರದ ಖಾರಿಗೆ ನೀರು ಕಡಿಮೆ ಏರುತ್ತದೆ, ದೋಣಿಗಳು ಕೆಸರಿನಲ್ಲಿ ಕೂರುತ್ತವೆ. ರಾಟೆಯವರಿಗೂ ದೋಣಿಯವರಿಗೂ ಜಗಳ ಶುರು.

[ದೃಶ್ಯ: ಅಂಚಿನ ಕಟ್ಟಡ, 15ನೇ ಮಹಡಿ. ಗಾರೆ ಕೆಲಸದವರ ತೂಕದ ಗುಂಡು ಇಳಿಬಿದ್ದಿದೆ.]

ಒಂದು ಮೀಟರ್ ದಾರ. ಉಬ್ಬರ ಏರಿದಂತೆ ಗುಂಡು ಊರಿನ ಕಡೆಗೆ 5 ಸೆಂಟಿಮೀಟರ್ ವಾಲುತ್ತದೆ, ಸುಮಾರು 3 ಡಿಗ್ರಿ. ಬಾಗಿಲು ತಾನಾಗಿ ತೆರೆದುಕೊಳ್ಳುತ್ತದೆ, ಚಹಾ ಬಸಿಯ ಒಂದೇ ಪಕ್ಕಕ್ಕೆ ನಿಲ್ಲುತ್ತದೆ. ಏಳುದೀವಿಯ ಅಂಚಿನಲ್ಲಿ ದುಬಾರಿ ಬಾಡಿಗೆ ನೆಲಮಹಡಿಗೆ. ಸಮುದ್ರ ಕಾಣುವ ಮೇಲಿನ ಖೋಲಿ ಅಗ್ಗಕ್ಕೆ ಸಿಗುತ್ತದೆ, ಮಂಚದ ಕಾಲಿಗೆ ಬೆಣೆ ಕೊಟ್ಟುಕೊಳ್ಳಬೇಕು ಅಷ್ಟೇ.